ರಷ್ಯಾದ ರೈತರ ಕಥೆಗಳು: ಎಲ್ಲಿಂದ ಶುರು ಮಾಡುವುದು, ಏನನ್ನು ಗಮನಿಸುವುದು?

ತೋಟದಮನೆ:
ರಷ್ಯನ್ ಸಾಹಿತ್ಯ ಅಂದ ತಕ್ಷಣ ಬಹಳ ಜನರಿಗೆ ಜಮೀನ್ದಾರರ ದೊಡ್ಡ ಮನೆ, ನೃತ್ಯಕೂಟ, ಸೈನ್ಯದ ಅಧಿಕಾರಿಗಳು ನೆನಪಾಗುತ್ತಾರೆ. ಆ ದೊಡ್ಡ ಮನೆಗೆ ಸೌದೆ ಕಡಿದುಕೊಟ್ಟವರು, ಹಾಲು ಕರೆದುಕೊಟ್ಟವರು ಹೇಗೆ ಬದುಕಿದರು ಅನ್ನುವ ಕಥೆಗಳ ಬಗ್ಗೆ ಇಲ್ಲಿ ಮಾತಾಡೋಣ ಅಂತ ಈ ಎಳೆ ಶುರು ಮಾಡುತ್ತಿದ್ದೇನೆ.

ಚೆಕಾಫ್‌ನ 'ರೈತರು' ಕಥೆಯಿಂದಲೇ ಶುರು ಮಾಡುತ್ತೇನೆ. 1897ರದ್ದು. ನಿಕೊಲಾಯ್ ಚಿಕಿಲ್‌ದೆಯೆವ್ ಮಾಸ್ಕೋದ ಒಂದು ದೊಡ್ಡ ಹೋಟೆಲಿನಲ್ಲಿ ಸಪ್ಲೈಯರ್. ಕಾಲು ಮರಗಟ್ಟಿ, ಒಂದು ದಿನ ತಟ್ಟೆ ಹಿಡಿದುಕೊಂಡೇ ಬೀಳುತ್ತಾನೆ. ಕೆಲಸ ಹೋಗುತ್ತದೆ, ಕೂಡಿಟ್ಟ ದುಡ್ಡು ಔಷಧಿಗೆ ಖರ್ಚಾಗುತ್ತದೆ. ಹೆಂಡತಿ ಓಲ್ಗಾ, ಮಗಳು ಸಾಷಾ ಜೊತೆ ಹುಟ್ಟೂರು ಜೂಕವೊಗೆ ವಾಪಸ್ ಬರುತ್ತಾನೆ. ನೆನಪಿನಲ್ಲಿ ಬೆಳಕಾಗಿ, ಬೆಚ್ಚಗೆ ಇದ್ದ ಮನೆ ಅದು. ಒಳಗೆ ಕಾಲಿಟ್ಟರೆ ಕತ್ತಲು. ಅರ್ಧ ಮನೆಯನ್ನೇ ಒಲೆ ನುಂಗಿದೆ. ಗೋಡೆಯೆಲ್ಲ ಮಸಿ, ನೊಣ. ಆ ದೊಡ್ಡ ಒಲೆಯ ಮೇಲೆ, ಮಲಗಲು ಮಾಡಿಕೊಂಡ ಜಾಗದಲ್ಲಿ, ಒಂದು ಪುಟ್ಟ ಹುಡುಗಿ ಕೂತಿದ್ದಾಳೆ. ಸಾಷಾ ಬೆಕ್ಕನ್ನು ಕರೆದರೆ ಅದು ತಿರುಗಿಯೂ ನೋಡುವುದಿಲ್ಲ. ಹೊಡೆದು ಹೊಡೆದು ಅದಕ್ಕೆ ಕಿವಿ ಕೇಳುವುದಿಲ್ಲ.

ಕಥೆಯ ನಡುವೆ ಊರಿನ ಹಿರಿಯ ಬಂದು ಈ ಮನೆಯ ಸಮೋವಾರ್ ಎತ್ತಿಕೊಂಡು ಹೋಗುತ್ತಾನೆ. ಕಂದಾಯ ಬಾಕಿ ಇದೆ, ಅದಕ್ಕೆ. ಅಜ್ಜಿ ಕೂಗುತ್ತಾ ಹಿಂದೆ ಓಡುತ್ತಾಳೆ. ಇಡೀ ಕಥೆಯಲ್ಲಿ ನನ್ನನ್ನು ಜಾಸ್ತಿ ಕಾಡಿದ್ದು ಈ ಭಾಗ. ಸಾವಿಗಿಂತ ಜಾಸ್ತಿ. ಚಹಾ ಕಾಯಿಸುವ ಪಾತ್ರೆ ಹೋದರೆ ಆ ಮನೆಯಲ್ಲಿ ಮರ್ಯಾದೆ ಅಂತ ಉಳಿದಿದ್ದ ಒಂದೇ ಒಂದು ವಸ್ತು ಹೋದ ಹಾಗೆ.

ನನಗೆ ಅನ್ನಿಸುವುದು ಇಷ್ಟು. ಒಳ್ಳೆಯ ರೈತ ಕಥೆ ರೈತನನ್ನು ಹೊಗಳುವುದೂ ಇಲ್ಲ, ಅವನ ಮೇಲೆ ಮರುಕವನ್ನೂ ಸುರಿಯುವುದಿಲ್ಲ. ಯಾರು ಯಾರಿಗೆ ಎಷ್ಟು ಕೊಡಬೇಕು, ಇವತ್ತು ಊಟಕ್ಕೆ ಏನಿದೆ, ಕೂಲಿ ಯಾರ ಕೈಗೆ ಹೋಯಿತು ಅನ್ನುವುದನ್ನು ಸರಿಯಾಗಿ ನೋಡುತ್ತದೆ. ನೀವು ಓದಿದ ಕಥೆಗಳಲ್ಲಿ ಹೀಗೆ ನೋಡಿದವು ಯಾವುವು? ಬರೆಯಿರಿ.

ಹಳೇಪುಸ್ತಕ:
ಒಳ್ಳೆ ವಿಷಯ ಎತ್ತಿದಿರಿ. ಸಮೋವಾರ್ ಭಾಗ ಪೂರ್ತಿ ಅರ್ಥವಾಗಬೇಕಾದರೆ ಸ್ವಲ್ಪ ಹಿನ್ನೆಲೆ ಬೇಕು.

1861ರಲ್ಲಿ ರಷ್ಯಾದ ದೊರೆ ಎರಡನೇ ಅಲೆಕ್ಸಾಂಡರ್ ಜೀತ ಪದ್ಧತಿಯನ್ನು ತೆಗೆದುಹಾಕಿದ. ಜಮೀನ್ದಾರರ ಕೈಕೆಳಗೆ ಸುಮಾರು 2.3 ಕೋಟಿ ಜನ ಇದ್ದರು. ಬಿಡುಗಡೆಯೇನೋ ಆಯಿತು, ಆದರೆ ಭೂಮಿ ಸುಮ್ನೆ ಸಿಗಲಿಲ್ಲ. ಸರ್ಕಾರ ಜಮೀನ್ದಾರರಿಗೆ ಹಣ ಕೊಟ್ಟಿತು. ರೈತರು ಅದನ್ನು ಬಡ್ಡಿ ಸಮೇತ 49 ವರ್ಷ ಕಂತಿನಲ್ಲಿ ತೀರಿಸಬೇಕಿತ್ತು. ತಲೆಮಾರು ಕಳೆದರೂ ಮುಗಿಯದ ಸಾಲ. ಕೊನೆಗೆ 1905ರ ಗಲಭೆಗಳ ನಂತರ ಸರ್ಕಾರ ಕೈಬಿಟ್ಟಿತು, 1907ರಿಂದ ಕಂತು ನಿಂತಿತು.

ಇನ್ನೊಂದು ಮುಖ್ಯ ಸಂಗತಿ. ಭೂಮಿ ಒಬ್ಬೊಬ್ಬ ರೈತನ ಹೆಸರಿನಲ್ಲಿ ಇರಲಿಲ್ಲ, ಬಹುಪಾಲು ಕಡೆ ಊರಿನ ಸಮುದಾಯದ ಕೈಯಲ್ಲಿತ್ತು. ಅದಕ್ಕೆ 'ಮಿರ್' ಅನ್ನುತ್ತಿದ್ದರು. ಕೆಲವು ವರ್ಷಕ್ಕೊಮ್ಮೆ ಪಟ್ಟಿ ಪಟ್ಟಿಯಾಗಿ ಹೊಲ ಹಂಚುತ್ತಿದ್ದರು. ಕಂದಾಯದ ಹೊಣೆಯೂ ಒಟ್ಟಿನದು. ಒಬ್ಬ ಕಟ್ಟದಿದ್ದರೆ ಉಳಿದವರ ತಲೆಗೆ ಬೀಳುತ್ತಿತ್ತು. ಈ ಕಟ್ಟಳೆ 1903ರವರೆಗೂ ನಡೆಯಿತು. ಹಾಗಾಗಿ ಸಮೋವಾರ್ ಎತ್ತಿಕೊಂಡು ಹೋದವನು ಪಟ್ಟಣದಿಂದ ಬಂದ ಅಮಲ್ದಾರನಲ್ಲ. ಪಕ್ಕದ ಮನೆಯವನೇ. ಚೆಕಾಫ್ ಅದನ್ನೂ ಬರೆದಿದ್ದಾನೆ. ಆ ಹಿರಿಯನಿಗೆ ವಯಸ್ಸು ಮೂವತ್ತು ದಾಟಿದೆ ಅಷ್ಟೇ. ಅವನೂ ಬಡವ, ಅವನದ್ದೂ ಕಂದಾಯ ಸರಿಯಾಗಿ ಕಟ್ಟಿಲ್ಲ. ಆದರೂ ಅಧಿಕಾರ ನಡೆಸುವುದು ಅವನಿಗೆ ಇಷ್ಟ.

ತುಂಗಾತೀರ:
ನನ್ನದು ಬೇರೆ ಅಭಿಪ್ರಾಯ, ಬೇಜಾರು ಮಾಡಿಕೊಳ್ಳಬೇಡಿ. 'ರೈತರು' ನನಗೆ ಹಿಡಿಸಲಿಲ್ಲ. ಕುಡಿತ, ಹೊಡೆತ, ಕೊಳಕು, ಬೈಗುಳ, ಇಷ್ಟೇನಾ ಹಳ್ಳಿ? ನಿಕೊಲಾಯ್‌ನ ಸಹೋದರ ಕಿರ್ಯಾಕ್ ಕುಡಿದು ಬಂದು ಹೆಂಡತಿ ಮಾರ್ಯಾ ಮುಖಕ್ಕೆ ಗುದ್ದುತ್ತಾನೆ. ಅಜ್ಜಿ ಮೊಮ್ಮಕ್ಕಳಿಗೆ ಬಾರುಕೋಲಿನಲ್ಲಿ ಬಾರಿಸುತ್ತಾಳೆ. ಹಾಡಿಲ್ಲ, ಸುಗ್ಗಿ ಇಲ್ಲ. ಟಾಲ್‌ಸ್ಟಾಯ್‌ಗೂ ಈ ಕಥೆ ಸೇರಲಿಲ್ಲ. ಇದು ಜನರಿಗೆ ಮಾಡಿದ ಪಾಪ, ಚೆಕಾಫ್‌ಗೆ ಜನ ಗೊತ್ತಿಲ್ಲ ಅನ್ನುವ ಅರ್ಥದಲ್ಲಿ ಅವನು ಹೇಳಿದ್ದು ದಾಖಲಾಗಿದೆ.

ನನಗೆ ತುರ್ಗೆನೆವ್ ಇಷ್ಟ. 'ಬೆಜಿನ್ ಹುಲ್ಲುಗಾವಲು' ಓದಿ. ಬೇಸಿಗೆಯ ರಾತ್ರಿ. ಐದು ಹುಡುಗರು ಕುದುರೆ ಮೇಯಿಸುತ್ತಾ ಬೆಂಕಿ ಹಾಕಿಕೊಂಡು ಕೂತಿದ್ದಾರೆ. ಮಡಕೆಯಲ್ಲಿ ಆಲೂಗಡ್ಡೆ ಬೇಯುತ್ತಿದೆ. ದೆವ್ವ, ನೀರಿನ ಮೋಹಿನಿ, ಮನೆ ಕಾಯುವ ಭೂತ, ಒಂದಾದ ಮೇಲೆ ಒಂದು ಕಥೆ ಹೇಳುತ್ತಾರೆ. ದಾರಿ ತಪ್ಪಿದ ಬೇಟೆಗಾರ ಪಕ್ಕದಲ್ಲಿ ಮಲಗಿ ಕೇಳಿಸಿಕೊಳ್ಳುತ್ತಾನೆ. ಬಡತನ ಅಲ್ಲೂ ಇದೆ, ಆದರೆ ಆ ಹುಡುಗರಿಗೆ ಒಂದು ಲೋಕ ಇದೆ, ಮಾತಿದೆ, ಧೈರ್ಯ ಇದೆ. ಆ ಘನತೆ ಚೆಕಾಫ್‌ನ ಜೂಕವೊದಲ್ಲಿ ಎಲ್ಲಿದೆ?

ನೈಟ್‌ಡ್ಯೂಟಿ:
ತುಂಗಾತೀರ ಅವರೇ, ಚೆಕಾಫ್‌ಗೆ ಜನ ಗೊತ್ತಿರಲಿಲ್ಲ ಅನ್ನುವುದನ್ನು ನಾನು ಒಪ್ಪುವುದಿಲ್ಲ. ನಾನು ಹಳ್ಳಿಯ ಆರೋಗ್ಯ ಕೇಂದ್ರದಲ್ಲಿ ನರ್ಸ್. ಆ ಕಣ್ಣಿನಿಂದಲೇ ಓದಿದೆ.

ಅವನು 1892ರಲ್ಲಿ ಮಾಸ್ಕೋದ ದಕ್ಷಿಣಕ್ಕಿರುವ ಮೆಲಿಖವೊದಲ್ಲಿ ತೋಟ ಕೊಂಡು ಅಲ್ಲೇ ಇದ್ದ. ಅದೇ ವರ್ಷ ಕಾಲರಾ ಹಬ್ಬುವ ಭಯ ಬಂತು. ಸಂಬಳ ತೆಗೆದುಕೊಳ್ಳದೆ ಆ ಭಾಗದ ಡಾಕ್ಟರ್ ಆದ. ಅವನ ಪಾಲಿಗೆ ಬಂದದ್ದು 25 ಹಳ್ಳಿ, 4 ಕಾರ್ಖಾನೆ, ಒಂದು ಮಠ. ಕೆಸರು ರಸ್ತೆಯಲ್ಲಿ ಗಾಡಿ ಹೊಡೆದುಕೊಂಡು ತಿರುಗಿದ. ಆಮೇಲೆ ತಾಲೆಜ್, ನೊವೊಸ್ಯೊಲ್ಕಿ, ಮೆಲಿಖವೊ, ಈ ಮೂರು ಕಡೆ ಶಾಲೆ ಕಟ್ಟಿಸಿದ. 1897ರ ಶುರುವಿನಲ್ಲಿ ರಷ್ಯಾದಲ್ಲಿ ಜನಗಣತಿ ನಡೆಯಿತು. ಅದರಲ್ಲೂ ಕೆಲಸ ಮಾಡಿ ಮನೆ ಮನೆ ಹೊಕ್ಕು ಬರೆದುಕೊಂಡ. 'ರೈತರು' ಪತ್ರಿಕೆಯಲ್ಲಿ ಬಂದದ್ದು ಅದೇ ವರ್ಷ ಏಪ್ರಿಲ್‌ನಲ್ಲಿ.

ಇದನ್ನು ತಿಳಿದುಕೊಂಡು ಮಾರ್ಯಾ ಬಗ್ಗೆ ಬರೆದ ಸಾಲು ಓದಿ. ಹದಿಮೂರು ಹೆತ್ತಿದ್ದಾಳೆ, ಉಳಿದದ್ದು ಆರು, ಎಲ್ಲ ಹೆಣ್ಣು, ದೊಡ್ಡದಕ್ಕೆ ಎಂಟು ವರ್ಷ. ನಾವು ತಾಯಿ ಕಾರ್ಡ್ ತುಂಬಿಸುವಾಗ ಕೇಳುವುದೂ ಇದನ್ನೇ. ಎಷ್ಟು ಹೆರಿಗೆ, ಎಷ್ಟು ಮಕ್ಕಳು ಬದುಕಿವೆ? ಉತ್ತರ ಹೇಳುವಾಗ ಹೆಂಗಸರ ಮುಖ ಹೇಗಿರುತ್ತದೆ ಅಂತ ನನಗೆ ಗೊತ್ತು. ಚೆಕಾಫ್ ಅಲ್ಲಿ ಒಂದು ಮಾತೂ ಜಾಸ್ತಿ ಸೇರಿಸಿಲ್ಲ. ಸೇರಿಸದೇ ಇರುವುದೇ ಸರಿ.

ನಿಕೊಲಾಯ್ ಸಾಯುವ ಭಾಗವೂ ಹಾಗೇ. ಒಬ್ಬ ನಾಟಿ ವೈದ್ಯ ಬಂದು ರಕ್ತ ಎಳೆಯಲು ಮೈಮೇಲೆ ಬಟ್ಟಲು ಹಚ್ಚುತ್ತಾನೆ. ಮೊದಲು ಹನ್ನೆರಡು, ಆಮೇಲೆ ಇನ್ನೂ ಹನ್ನೆರಡು. ಮನೆಯವರೆಲ್ಲ ಸುತ್ತ ನಿಂತು, ರೋಗ ಹೊರಗೆ ಬರುತ್ತಿದೆ ಅಂತ ಖುಷಿಯಿಂದ ನೋಡುತ್ತಾರೆ. ಬೆಳಗಿನ ಹೊತ್ತಿಗೆ ಅವನು ಇಲ್ಲ. ಆ ಮನೆಯವರಿಗೆ ಅವನ ಮೇಲೆ ಪ್ರೀತಿ ಇರಲಿಲ್ಲ ಅಂತ ಹೇಳಲಾಗುವುದಿಲ್ಲ. ತಮ್ಮ ಕೈಲಾದದ್ದನ್ನು ಮಾಡಿದರು. ಡಾಕ್ಟರ್ ಆಗಿದ್ದವನು ಅವರನ್ನು ಬೈಯದೆ ಇದನ್ನು ಬರೆದಿದ್ದಾನೆ. ನೀವು ಕೇಳಿದ ಘನತೆ ನನಗೆ ಅಲ್ಲಿ ಕಂಡಿತು.

ಹಳೇಪುಸ್ತಕ:
ನೈಟ್‌ಡ್ಯೂಟಿ ಮೇಡಂ, ಎಷ್ಟು ಚೆನ್ನಾಗಿ ಬರೆದಿರಿ.

ಒಂದೆರಡು ಮಾತು ಸೇರಿಸುತ್ತೇನೆ. ಚೆಕಾಫ್‌ನ ತಾತ ಯೆಗೋರ್ ಸ್ವತಃ ಜೀತದವನು, ವರೊನೆಜ್ ಪ್ರಾಂತ್ಯದ ಓಲ್ಖೊವಾತ್ಕ ಊರಿನವನು. ದುಡ್ಡು ಕೂಡಿಟ್ಟು 1841ರಲ್ಲಿ ತನ್ನ ಸಂಸಾರವನ್ನು 3500 ರೂಬಲ್‌ಗೆ ಬಿಡಿಸಿಕೊಂಡ. ಅಂದರೆ 1861ಕ್ಕೆ ಇಪ್ಪತ್ತು ವರ್ಷ ಮೊದಲೇ. ನನ್ನ ಮೈಯಲ್ಲಿ ಹರಿಯುವುದು ರೈತರ ರಕ್ತ, ರೈತರ ಸದ್ಗುಣ ತೋರಿಸಿ ನನ್ನನ್ನು ಬೆರಗುಗೊಳಿಸಲು ಆಗುವುದಿಲ್ಲ ಅನ್ನುವ ಅರ್ಥದ ಮಾತನ್ನು ಚೆಕಾಫ್ ಒಂದು ಪತ್ರದಲ್ಲಿ ಬರೆದಿದ್ದಾನೆ. ಟಾಲ್‌ಸ್ಟಾಯ್ ಕೌಂಟ್, ಅಂದರೆ ಬಿರುದಿನ ಜಮೀನ್ದಾರ ಮನೆತನದವನು. ರೈತರ ಅಂಗಿ ಹಾಕಿಕೊಂಡ, ಹೊಲ ಉತ್ತ. ಅವನ ಶ್ರದ್ಧೆಯನ್ನು ನಾನು ಅನುಮಾನಿಸುವುದಿಲ್ಲ. ಆದರೆ ರೈತನಲ್ಲಿ ಅವನು ಒಬ್ಬ ಗುರುವನ್ನು ಹುಡುಕುತ್ತಿದ್ದ. ಚೆಕಾಫ್‌ಗೆ ಆ ಅಗತ್ಯ ಇರಲಿಲ್ಲ. ಅವನಿಗೆ ಅವರು ತಾತನ ಕಡೆಯ ಜನ.

'ರೈತರು' ಸರ್ಕಾರಕ್ಕೂ ಹಿಡಿಸಲಿಲ್ಲ. ಸೆನ್ಸಾರ್ ಕಾಟದಿಂದ ಪತ್ರಿಕೆಯವರು ಒಂದು ಪುಟವನ್ನೇ ಕಿತ್ತು ಬೇರೆ ಹಾಕಬೇಕಾಯಿತು.

ತೋಟದಮನೆ:
ತುಂಗಾತೀರ ಸರ್, ತುರ್ಗೆನೆವ್ ನನಗೂ ಬೇಕು. ಆದರೆ ಅವನಲ್ಲೂ ಲೆಕ್ಕ ಇದೆ, ನೋಡಿ.

'ಖೋರ್ ಮತ್ತು ಕಲೀನಿಚ್' ಬಂದದ್ದು 1847ರಲ್ಲಿ. ಖೋರ್ ಜೀತದವನೇ, ಆದರೆ ಜಾಣ ಒಕ್ಕಲಿಗ. ಜೌಗು ಜಾಗದಲ್ಲಿ ಮನೆ ಕಟ್ಟಿಕೊಂಡು, ಧಣಿಗೆ ವರ್ಷಕ್ಕೆ ಇಷ್ಟು ಅಂತ ಕಟ್ಟಿ, ಮಕ್ಕಳ ದಂಡು ಇಟ್ಟುಕೊಂಡು ಸುಖವಾಗಿದ್ದಾನೆ. ಧಣಿ ಬಾಡಿಗೆ ಏರಿಸುತ್ತಾ ಹೋಗುತ್ತಾನೆ. ದುಡ್ಡಿದೆಯಲ್ಲ, ಬಿಡುಗಡೆ ಕೊಂಡುಕೋ ಅಂದರೆ ಖೋರ್ ಜಾರಿಕೊಳ್ಳುತ್ತಾನೆ. ಅವನ ಲೆಕ್ಕ ಅವನಿಗೆ. ಈಗಿನ ಧಣಿ ಹೇಗೆ ಅಂತ ಗೊತ್ತು. ಬಿಡಿಸಿಕೊಂಡ ಮೇಲೆ ಯಾವ ಯಾವ ಅಧಿಕಾರಿಗೆ ಕೈ ಮುಗಿಯಬೇಕೋ? ಜೀತದವನು ಅಂದರೆ ಅಳುಮುಖದವನು ಅಂತ ಓದುಗರು ಅಂದುಕೊಂಡಿದ್ದ ಕಾಲದಲ್ಲಿ ಯೋಚನೆ ಮಾಡುವ, ಧಣಿಯನ್ನು ತೂಗಿ ನೋಡುವ ಒಬ್ಬ ಮನುಷ್ಯನನ್ನು ತುರ್ಗೆನೆವ್ ತಂದು ನಿಲ್ಲಿಸಿದ.

'ಬಿರ್ಯೂಕ್' ಇನ್ನೂ ಚಿಕ್ಕದು. ಕಾಡು ಕಾಯುವ ಬಿರ್ಯೂಕ್ ಮಳೆ ರಾತ್ರಿ ಮರ ಕದ್ದ ರೈತನನ್ನು ಹಿಡಿದು ಗುಡಿಸಲಿಗೆ ತರುತ್ತಾನೆ. ಕಾಯುವವನ ಹೆಂಡತಿ ಯಾರದೋ ಜೊತೆ ಓಡಿಹೋಗಿದ್ದಾಳೆ. ತೊಟ್ಟಿಲಲ್ಲಿ ಕೂಸು, ತೂಗುತ್ತಿರುವುದು ಇನ್ನೊಂದು ಪುಟ್ಟ ಹುಡುಗಿ. ಕಳ್ಳ ಮೊದಲು ಬೇಡಿಕೊಳ್ಳುತ್ತಾನೆ, ಕುದುರೆಯನ್ನಾದರೂ ಬಿಟ್ಟುಬಿಡು ಅನ್ನುತ್ತಾನೆ. ಆಮೇಲೆ ಹೇಗಿದ್ದರೂ ಸಾಯುವುದೇ ಅಂತ ತಿರುಗಿ ಬೈಯುತ್ತಾನೆ. ಬಿರ್ಯೂಕ್ ಅವನನ್ನು ಕತ್ತು ಹಿಡಿದು ಹೊರಗೆ ದಬ್ಬಿ ಬಿಟ್ಟುಬಿಡುತ್ತಾನೆ. ಇಬ್ಬರೂ ಜೀತದವರು. ಮರ ಇಬ್ಬರದ್ದೂ ಅಲ್ಲ, ಧಣಿಯದು. ಎಲ್ಲ ನಡೆದಿರುವುದು ಆ ಒಂದು ಸಂಗತಿಯ ಮೇಲೆ.

ಈ ಕಥೆಗಳೆಲ್ಲ 1852ರಲ್ಲಿ ಪುಸ್ತಕವಾಗಿ ಬಂದವು. ಅದಕ್ಕೆ ಒಪ್ಪಿಗೆ ಕೊಟ್ಟ ಸೆನ್ಸಾರ್ ಅಧಿಕಾರಿಯ ಕೆಲಸ ಹೋಯಿತು. ಲೇಖಕ ಗೊಗೊಲ್ ತೀರಿಕೊಂಡಾಗ ಬರೆದ ಲೇಖನದ ನೆಪದಲ್ಲಿ ತುರ್ಗೆನೆವ್‌ನನ್ನು ಒಂದು ತಿಂಗಳು ಠಾಣೆಯಲ್ಲಿಟ್ಟು, ಆಮೇಲೆ ತನ್ನ ಊರು ಬಿಟ್ಟು ಹೋಗದ ಹಾಗೆ ಮಾಡಿದರು. 'ಮುಮು' ಬರೆದದ್ದು ಆ ಬಂಧನದಲ್ಲೇ. ಮೂಗ ಗೆರಾಸಿಂ ಧಣಿಯಮ್ಮನ ಮಾತಿಗೆ ತನ್ನ ನಾಯಿಯನ್ನು ನೀರಿಗೆ ಹಾಕುವ ಕಥೆ. ಆ ಧಣಿಯಮ್ಮನಲ್ಲಿ ತುರ್ಗೆನೆವ್‌ನ ಸ್ವಂತ ತಾಯಿಯ ನೆರಳಿದೆ. ಅವರ ಮನೆಯಲ್ಲೇ ಅಂಥ ಒಬ್ಬ ಮೂಗ ಆಳು ಇದ್ದ.

ನೇಗಿಲಗೆರೆ:
ನಾನು ಸ್ವಂತ ಹೊಲ ಮಾಡುವವನು. ಓದುವುದು ಕಡಿಮೆ, ಆದರೆ ಟಾಲ್‌ಸ್ಟಾಯ್‌ನ 'ಮನುಷ್ಯನಿಗೆ ಎಷ್ಟು ಭೂಮಿ ಬೇಕು' (1886) ಮಾತ್ರ ಮತ್ತೆ ಮತ್ತೆ ಓದಿದ್ದೇನೆ.

ಎಲ್ಲರೂ ಆ ಕಥೆಯ ಕೊನೆಯನ್ನೇ ಹೇಳುತ್ತಾರೆ. ಪಖೋಮ್ ಸೂರ್ಯ ಮುಳುಗುವುದರೊಳಗೆ ಸುತ್ತಿ ಬಂದಷ್ಟು ಭೂಮಿ ಅವನದು, ಓಡಿ ಓಡಿ ಸತ್ತ, ಹೂಳಲು ಮೂರು ಅರ್ಶಿನ್ ಸಾಕಾಯಿತು. ಅಂದರೆ ಸುಮಾರು ಏಳು ಅಡಿ. ಸರಿ. ಆದರೆ ಕಥೆಯ ಮೊದಲ ಅರ್ಧ ನೋಡಿ ಸ್ವಾಮಿ. ರೈತನ ಕಷ್ಟ ಅಂದರೆ ಅದು.

ಪಕ್ಕದಲ್ಲಿ ಒಬ್ಬ ಧಣಿಯಮ್ಮನ ಜಮೀನು. ಅವಳು ಮೇಲ್ವಿಚಾರಕನನ್ನು ಇಟ್ಟಮೇಲೆ ದಂಡದ ಕಾಟ ಶುರು. ಪಖೋಮ್‌ನ ಕುದುರೆ ಅವರ ಓಟ್ಸ್ ಹೊಲಕ್ಕೆ ಹೋದರೆ ದಂಡ. ಹಸು ತೋಟಕ್ಕೆ ನುಗ್ಗಿದರೆ ದಂಡ. ದಂಡ ಕಟ್ಟಿ ಮನೆಗೆ ಬಂದು ಹೆಂಡತಿ ಮಕ್ಕಳ ಮೇಲೆ ಸಿಟ್ಟು ತೀರಿಸಿಕೊಳ್ಳುತ್ತಾನೆ. ಚಳಿಗಾಲದಲ್ಲಿ ದನಗಳನ್ನು ಕೊಟ್ಟಿಗೆಗೆ ಕಟ್ಟಿದರೆ, ಮೇವು ಖರ್ಚಾದರೂ ಪರವಾಗಿಲ್ಲ, ದಂಡದ ಭಯ ಇಲ್ಲವಲ್ಲ ಅಂತ ನೆಮ್ಮದಿ. ಈ ನೆಮ್ಮದಿ ದನ ಸಾಕಿದವರಿಗೆ ಮಾತ್ರ ಅರ್ಥವಾಗುವುದು.

ಆಮೇಲೆ ಆ ಜಮೀನು ಮಾರಾಟಕ್ಕೆ ಬರುತ್ತದೆ. ಊರವರೆಲ್ಲ ಸೇರಿ ಕೊಳ್ಳೋಣ ಅಂತ ಸಭೆ ಮಾಡುತ್ತಾರೆ. ಒಮ್ಮತ ಆಗುವುದಿಲ್ಲ. ಒಬ್ಬೊಬ್ಬರೇ ಕೊಳ್ಳುತ್ತಾರೆ. ಪಖೋಮ್ ಕೈಯಲ್ಲಿ ನೂರು ರೂಬಲ್ ಇದೆ. ಮರಿ ಕುದುರೆ ಮಾರುತ್ತಾನೆ, ಜೇನುಗೂಡುಗಳಲ್ಲಿ ಅರ್ಧ ಮಾರುತ್ತಾನೆ, ಮಗನನ್ನು ಕೂಲಿಗೆ ಹಚ್ಚುತ್ತಾನೆ, ಭಾವನ ಹತ್ತಿರ ಸಾಲ ಮಾಡುತ್ತಾನೆ. ಅರ್ಧ ಹಣ ಕಟ್ಟಿ 15 ದೆಸ್ಯಾತಿನ್ ಕೊಳ್ಳುತ್ತಾನೆ. ನಮ್ಮ ಲೆಕ್ಕದಲ್ಲಿ ಸುಮಾರು 40 ಎಕರೆ. ಬಿತ್ತನೆ ಬೀಜವೂ ಸಾಲದ್ದೇ. ಒಂದೇ ವರ್ಷದಲ್ಲಿ ಎಲ್ಲ ತೀರಿಸುತ್ತಾನೆ. ತನ್ನ ಹೊಲಕ್ಕೆ ಹೋದಾಗ ಅಲ್ಲಿಯ ಹುಲ್ಲು, ಹೂವು ಕೂಡ ಬೇರೆ ಥರ ಕಾಣುತ್ತದಂತೆ. ಈ ಮಾತು ಓದಿದಾಗ ನನ್ನ ಮೈ ಜುಮ್ ಅಂದಿತ್ತು.

ಆಮೇಲೆ ಏನಾಗುತ್ತದೆ ಗೊತ್ತಲ್ವಾ? ನೆರೆಯವರ ದನ ಇವನ ಹೊಲಕ್ಕೆ ನುಗ್ಗುತ್ತವೆ. ಇವನೂ ದಂಡ ಹಾಕಿಸಲು ಶುರು ಮಾಡುತ್ತಾನೆ! ಧಣಿಯಮ್ಮನ ಮೇಲ್ವಿಚಾರಕ ಇವನಿಗೆ ಮಾಡಿದ್ದನ್ನೇ ಇವನು ಊರವರಿಗೆ ಮಾಡುತ್ತಾನೆ. ಕೋರ್ಟು, ಜಗಳ, ಹಗೆತನ. ದುರಾಸೆ ಅಂತ ಒಂದು ಮಾತಿನಲ್ಲಿ ಹೇಳಿ ಮುಗಿಸಬೇಡಿ. ಬೇಲಿಯ ಈ ಕಡೆ ಇದ್ದವನು ಆ ಕಡೆಗೆ ಹೋದಾಗ ಆಗುವುದನ್ನು ಟಾಲ್‌ಸ್ಟಾಯ್ ಎಷ್ಟು ಸರಿಯಾಗಿ ಹಿಡಿದಿದ್ದಾನೆ ನೋಡಿ.

ಹಳೇಪುಸ್ತಕ:
ನೇಗಿಲಗೆರೆ ಅಣ್ಣ, ಆ ಕಥೆಯನ್ನು ಹೊಲ ಮಾಡುವವರ ಕಡೆಯಿಂದ ಕೇಳುವುದೇ ಚೆಂದ. ಅದು ಬರೆದದ್ದೂ ಅಂಥವರಿಗಾಗಿಯೇ. 1884ರಲ್ಲಿ ಟಾಲ್‌ಸ್ಟಾಯ್‌ನ ಗೆಳೆಯ ಚೆರ್ಟ್ಕೋವ್ 'ಪಸ್ರೇದ್ನಿಕ್' ಅನ್ನುವ ಪ್ರಕಾಶನ ಶುರು ಮಾಡಿದ. ಸೀತಿನ್ ಅನ್ನುವ ಮುದ್ರಕ ಜೊತೆಯಾದ. ಒಂದು, ಒಂದೂವರೆ ಕೊಪೆಕ್‌ಗೆ ಪುಟ್ಟ ಪುಸ್ತಕ. ಬುಟ್ಟಿ ಹೊತ್ತು ತಿರುಗುವ ವ್ಯಾಪಾರಿಗಳು ಸೂಜಿ ದಾರದ ಜೊತೆ ಹಳ್ಳಿಗಳಲ್ಲಿ ಮಾರಿದರು. 1897ರ ಗಣತಿಯ ಪ್ರಕಾರ ಓದಲು ಬರುತ್ತಿದ್ದವರು ನೂರಕ್ಕೆ ಸುಮಾರು 21 ಜನ. ಹಾಗಾಗಿ ಒಬ್ಬ ಓದುವುದು, ಉಳಿದವರು ಕೂತು ಕೇಳುವುದು. ಈ ಕಥೆಯ ಸಣ್ಣ ಸಣ್ಣ ವಾಕ್ಯಗಳು ಕಿವಿಯಲ್ಲಿ ಕೇಳಲಿಕ್ಕೇ ಬರೆದ ಹಾಗಿವೆ.

ಪಖೋಮ್‌ಗೆ ಕೊನೆಯಲ್ಲಿ ಭೂಮಿ ಕೊಡಲು ಒಪ್ಪುವವರು ಬಷ್ಕೀರರು, ಹುಲ್ಲುಬಯಲಿನಲ್ಲಿ ದನ ಕುದುರೆ ಮೇಯಿಸುವ ಜನ. ಆ ಭಾಗ ಕಟ್ಟುಕಥೆ ಅನ್ನಿಸಬಹುದು. ಆದರೆ ಟಾಲ್‌ಸ್ಟಾಯ್ ಸಮಾರಾ ಕಡೆಯ ಹುಲ್ಲುಬಯಲಿಗೆ ಹೋಗಿ ಬಷ್ಕೀರರ ಜೊತೆ ಇದ್ದು, ಕುದುರೆ ಹಾಲಿನ ಕುಮಿಸ್ ಕುಡಿದವನು. 1871ರಲ್ಲಿ ಅಲ್ಲೇ ಜಮೀನನ್ನೂ ಕೊಂಡ. ಭೂಮಿಯ ಆಸೆ ಅವನಿಗೆ ಹೊರಗಿನ ವಿಷಯ ಆಗಿರಲಿಲ್ಲ.

ಇನ್ನೊಂದು ಮಾತು. ಚೆಕಾಫ್‌ನ ತಾತ ಹಣ ಕಟ್ಟಿ ಬಿಡಿಸಿಕೊಂಡದ್ದು ಯಾರಿಂದ ಗೊತ್ತಾ? ಇದೇ ಚೆರ್ಟ್ಕೋವ್ ಮನೆತನದಿಂದ.

ಸಂಜೆಓದು:
ಇಲ್ಲಿಯವರೆಗೆ ಹೊಲ, ಕಂದಾಯ, ಧಣಿ ಎಲ್ಲ ಬಂತು. ಹೆಂಗಸರ ಕಥೆ ಬೇಡವಾ?

ಚೆಕಾಫ್‌ನ 'ಹೆಂಗಸರು' 1891ರ ಕಥೆ. ಒಬ್ಬ ದಾರಿಹೋಕ ವ್ಯಾಪಾರಿ ರಾತ್ರಿ ಒಂದು ಮನೆಯಲ್ಲಿ ತಂಗುತ್ತಾನೆ. ಜೊತೆಗೆ ಕೂಜ್ಕಾ ಅನ್ನುವ ಅನಾಥ ಹುಡುಗ. ಊಟದ ಹೊತ್ತಿಗೆ ತನ್ನ ದೊಡ್ಡತನ ಹೇಳಿಕೊಳ್ಳುತ್ತಾನೆ. ಹುಡುಗನ ತಂದೆ ಸೈನ್ಯಕ್ಕೆ ಹೋದಾಗ ತಾಯಿ ಮಾಷೆಂಕಾ ಜೊತೆ ಇವನು ಸಂಬಂಧ ಇಟ್ಟುಕೊಂಡ. ಗಂಡ ವಾಪಸ್ ಬಂದಾಗ ಅವಳಿಗೇ ಬುದ್ಧಿವಾದ ಹೇಳಿದ. ಗಂಡ ವಿಷದಿಂದ ಸತ್ತ. ಇವನ ಸಾಕ್ಷಿಯೂ ಸೇರಿ ಅವಳಿಗೆ ಶಿಕ್ಷೆ ಆಯಿತು, ಸೈಬೀರಿಯಾ ದಾರಿಯಲ್ಲಿ ಸತ್ತಳು. ಈಗ ಪುಣ್ಯಕ್ಕೆ ಅಂತ ಹುಡುಗನನ್ನು ಸಾಕುತ್ತಿದ್ದಾನೆ. ಆ ಹುಡುಗ ಟೊಪ್ಪಿಗೆ ಕಳೆದುಕೊಂಡರೆ ಹೇಗೆ ಗದರುತ್ತಾನೆ ನೋಡಿ, ಆ ಪುಣ್ಯ ಎಂಥದ್ದು ಅಂತ ಗೊತ್ತಾಗುತ್ತದೆ.

ಆ ಮನೆಯ ಸೊಸೆಯರು ಇಬ್ಬರು, ಸೋಫ್ಯಾ ಮತ್ತು ವರ್ವಾರಾ, ಈ ಕಥೆ ಕೇಳಿಸಿಕೊಂಡಿರುತ್ತಾರೆ. ರಾತ್ರಿ ಅಂಗಳದಲ್ಲಿ ಮಲಗಿದಾಗ ವರ್ವಾರಾ ಪಿಸುಗುಟ್ಟುತ್ತಾಳೆ. ಮಾವನನ್ನೂ ಗಂಡನನ್ನೂ ಮುಗಿಸಿಬಿಡೋಣವಾ? ಸೋಫ್ಯಾ ಬೆಚ್ಚಿ, ದೇವರ ಭಯ ಹೇಳುತ್ತಾಳೆ. ಬೆಳಗ್ಗೆ ಎದ್ದು ಇಬ್ಬರೂ ಎಂದಿನ ಕೆಲಸಕ್ಕೆ ಹೋಗುತ್ತಾರೆ. ಏನೂ ನಡೆಯುವುದಿಲ್ಲ. ಆ ಮನೆಯಲ್ಲಿ ನಾಳೆಯೂ ನಾಳಿದ್ದೂ ಹೀಗೇ ಅಂತ ಗೊತ್ತಾದಾಗ ಎದೆ ಭಾರವಾಗುತ್ತದೆ.

ಟಾಲ್‌ಸ್ಟಾಯ್‌ನ 'ಅಲ್ಯೋಷಾ ಗರ್ಶೋಕ್' ಬಗ್ಗೆ ಯಾರೂ ಹೇಳಲಿಲ್ಲ. 1905ರಲ್ಲಿ ಬರೆದದ್ದು, ಅವನು ತೀರಿಕೊಂಡ ಮೇಲೆ 1911ರಲ್ಲಿ ಅಚ್ಚಾಯಿತು. ಕೆಲವೇ ಪುಟ. ಗರ್ಶೋಕ್ ಅಂದರೆ ಮಡಕೆ, ಚಿಕ್ಕವನಿದ್ದಾಗ ಮಡಕೆ ಒಡೆದದ್ದಕ್ಕೆ ಆ ಅಡ್ಡಹೆಸರು. 19 ವರ್ಷಕ್ಕೆ ಅಪ್ಪ ಅವನನ್ನು ಪಟ್ಟಣದ ವ್ಯಾಪಾರಿ ಮನೆಗೆ ಆಳಾಗಿ ಬಿಡುತ್ತಾನೆ. ಸಂಬಳ ಅಪ್ಪ ಬಂದು ತೆಗೆದುಕೊಂಡು ಹೋಗುತ್ತಾನೆ, ಬೂಟು ಬೇಗ ಸವೆಸುತ್ತೀಯ ಅಂತ ಬೈದೂ ಹೋಗುತ್ತಾನೆ. ಅಡುಗೆಯ ಉಸ್ತೀನ್ಯಾ ಇವನ ಮೇಲೆ ಕನಿಕರ ತೋರುತ್ತಾಳೆ. ಏನೂ ಲಾಭ ಇಲ್ಲದೆಯೂ ಒಬ್ಬರು ಇನ್ನೊಬ್ಬರನ್ನು ನೋಡಿಕೊಳ್ಳಬಹುದು ಅನ್ನುವುದು ಅವನಿಗೆ ಆಗ ಮೊದಲ ಸಲ ಗೊತ್ತಾಗುತ್ತದೆ. ಮದುವೆ ಆಗೋಣ ಅಂದರೆ ಅಪ್ಪ ಬೇಡ ಅನ್ನುತ್ತಾನೆ. ಸರಿ ಅನ್ನುತ್ತಾನೆ ಹುಡುಗ. ಆಮೇಲೆ ಛಾವಣಿಯ ಹಿಮ ತೆಗೆಯುವಾಗ ಬಿದ್ದು ಸಾಯುತ್ತಾನೆ. ಇದನ್ನು ಸಂತನ ಕಥೆ ಅಂತ ಕೆಲವರು ಓದುತ್ತಾರೆ. ನಾನು ಹಾಗೆ ಓದಲಾರೆ. ಆ ಹುಡುಗನ ಒಂದೊಂದು 'ಸರಿ'ಯ ಹಿಂದೆಯೂ ಅವನಿಂದ ಏನೋ ಒಂದನ್ನು ಕಿತ್ತುಕೊಂಡಿದ್ದಾರೆ.

ಚಿಕ್ಕಣ್ಣನ ಕೆರೆ:
'ಅಪರಾಧಿ' ಅಂತ ಚೆಕಾಫ್‌ನ ಒಂದು ಕಥೆ ಇದೆ, 1885ರದ್ದು. ಡೆನಿಸ್ ರೈಲು ಹಳಿಯ ನಟ್ಟು ಬಿಚ್ಚಿ ಮೀನಿನ ಗಾಳಕ್ಕೆ ಭಾರ ಕಟ್ಟುತ್ತಾನೆ. ನ್ಯಾಯಾಧಿಕಾರಿ ಕೇಳಿದರೆ, ಸೀಸ ಕೊಳ್ಳಲು ದುಡ್ಡು ಬೇಕು, ಮೊಳೆ ಸರಿಹೋಗುವುದಿಲ್ಲ, ನಾವೇನು ಎಲ್ಲ ನಟ್ಟೂ ಬಿಚ್ಚುವುದಿಲ್ಲ, ಕೆಲವು ಬಿಡುತ್ತೇವೆ, ನಮಗೂ ತಿಳಿವಳಿಕೆ ಇದೆ ಅನ್ನುತ್ತಾನೆ.

ಎಲ್ಲರೂ ಇದನ್ನು ನಗೆಕಥೆ ಅನ್ನುತ್ತಾರೆ. ಕೊನೆ ಭಾಗ ನೋಡಿ. ಜೈಲಿಗೆ ಅಂದಾಗ ಡೆನಿಸ್‌ಗೆ ತಾನು ಮಾಡಿದ್ದಕ್ಕೆ ಅಂತ ಹೊಳೆಯುವುದೇ ಇಲ್ಲ. ಕಂದಾಯ ಬಾಕಿಗೆ ಹಿಡಿದಿದ್ದಾರೆ ಅಂದುಕೊಳ್ಳುತ್ತಾನೆ. ಊರ ಹಿರಿಯ ಸುಳ್ಳು ಹೇಳಿದ್ದಾನೆ, ನಾವು ಮೂವರು ಅಣ್ಣತಮ್ಮಂದಿರು, ಅಣ್ಣನ ಬಾಕಿಗೆ ನಾನು ಯಾಕೆ ಅಂತ ವಾದ ಮಾಡುತ್ತಾನೆ. ಹಳೇಪುಸ್ತಕ ಅವರು ಹೇಳಿದ ಒಟ್ಟು ಹೊಣೆಯ ಲೆಕ್ಕ ಇದೇ ಅಲ್ವಾ? ಸರ್ಕಾರ ಅವನ ಬಾಗಿಲಿಗೆ ಬಂದದ್ದೆಲ್ಲ ವಸೂಲಿಗೆ. ಬೇರೆ ಕಾರಣಕ್ಕೂ ಹಿಡಿಯಬಹುದು ಅಂತ ಅವನಿಗೆ ಹೇಗೆ ಗೊತ್ತಾಗಬೇಕು?

ತುಂಗಾತೀರ:
ಎಲ್ಲರದ್ದೂ ಓದಿದೆ. ನೈಟ್‌ಡ್ಯೂಟಿ ಅವರ ಮಾತು ಯೋಚನೆಗೆ ಹಚ್ಚಿತು. 'ರೈತರು' ಬಗ್ಗೆ ನನ್ನ ತಕರಾರು ಹಾಗೇ ಇದೆ, ಅಲ್ಲಿ ಉಸಿರಾಡಲು ಜಾಗ ಕಡಿಮೆ. ಆದರೆ ಚೆಕಾಫ್‌ನಲ್ಲಿ ನನಗೆ ಬೇಕಾದದ್ದು ಮೂರು ವರ್ಷ ಆದಮೇಲೆ ಬಂದ 'ಕಣಿವೆಯಲ್ಲಿ' ಕಥೆಯಲ್ಲಿ ಸಿಕ್ಕಿದೆ.

ಲೀಪಾ ಕೂಲಿ ಮಾಡುವವಳ ಮಗಳು. ಊರಿನ ಸಿರಿವಂತ ಅಂಗಡಿಯವನ ಮನೆಗೆ ಸೊಸೆಯಾಗಿ ಬರುತ್ತಾಳೆ. ಓರಗಿತ್ತಿ ಅಕ್ಸೀನ್ಯಾ ಆಸ್ತಿಯ ಸಿಟ್ಟಿನಲ್ಲಿ ಇವಳ ಕೂಸಿನ ಮೇಲೆ ಕುದಿಯುವ ನೀರು ಸುರಿಯುತ್ತಾಳೆ. ಲೀಪಾ ಆಸ್ಪತ್ರೆಯಿಂದ ಸತ್ತ ಮಗುವನ್ನು ಎತ್ತಿಕೊಂಡು ರಾತ್ರಿ ಒಬ್ಬಳೇ ನಡೆದು ಬರುತ್ತಾಳೆ. ದಾರಿಯಲ್ಲಿ ಗಾಡಿಯವರು ಸಿಗುತ್ತಾರೆ. ನೀವು ಸಂತರಾ ಅಂತ ಕೇಳುತ್ತಾಳೆ. ಇಲ್ಲಮ್ಮ, ನಾವು ಫಿರ್ಸಾನವೊದವರು ಅನ್ನುತ್ತಾನೆ ಮುದುಕ. ಗಾಡಿ ಹತ್ತಿಸಿಕೊಂಡು, ನಿನ್ನದು ಇನ್ನೂ ದೊಡ್ಡ ದುಃಖ ಅಲ್ಲ, ಬದುಕು ಉದ್ದ ಇದೆ, ಒಳ್ಳೆಯದೂ ಬರುತ್ತದೆ ಕೆಟ್ಟದ್ದೂ ಬರುತ್ತದೆ ಅಂತ ಸಮಾಧಾನ ಮಾಡುತ್ತಾನೆ. ಯಾವ ಉಪಕಾರದ ಆಸೆಯೂ ಇಲ್ಲ. ನಾನು ಹುಡುಕುತ್ತಿದ್ದ ಹಳ್ಳಿ ಇದು. ಮಗುವನ್ನು ಕೊಂದ ಮನೆ ಮತ್ತು ಈ ಮುದುಕನ ಗಾಡಿ ಒಂದೇ ಕಥೆಯಲ್ಲಿವೆ. 'ರೈತರು'ಗಿಂತ ಇದು ದೊಡ್ಡ ಕಥೆ ಅಂತ ನಾನು ಗಟ್ಟಿಯಾಗಿ ಹೇಳುತ್ತೇನೆ.

ನೈಟ್‌ಡ್ಯೂಟಿ:
ಈ ಕಥೆಯ ವಿಷಯದಲ್ಲಿ ನಿಮ್ಮ ಮಾತು ಒಪ್ಪಿದೆ. ಆದರೆ 'ರೈತರು'ನಲ್ಲೂ ಒಂದು ಗಳಿಗೆ ಉಸಿರಾಡಬಹುದು. ಉಪವಾಸದ ದಿನ ಅಜ್ಜಿಯ ಹೊಡೆತ ತಿಂದ ಹುಡುಗಿಯರು ಅವಳ ಊಟದ ಬಟ್ಟಲಿಗೆ ಹಾಲು ಚಿಮುಕಿಸುತ್ತಾರೆ. ಹಾಲು ಬಾಯಿಗೆ ಹೋದರೆ ವ್ರತ ಕೆಟ್ಟು ಅಜ್ಜಿ ನರಕಕ್ಕೆ ಹೋಗುತ್ತಾಳೆ ಅಂತ ಅವರ ಲೆಕ್ಕ. ರಷ್ಯಾದ ಆರ್ಥೊಡಾಕ್ಸ್ ಚರ್ಚಿನ ಪದ್ಧತಿಯಲ್ಲಿ ವರ್ಷದ ಅರ್ಧದಷ್ಟು ದಿನ ಮಾಂಸ, ಹಾಲು ಬಿಡಬೇಕು. ಮಕ್ಕಳ ಸೇಡು ತೀರಿಸಿಕೊಳ್ಳುವ ದಾರಿಯೂ ಅಡುಗೆಮನೆಯಲ್ಲೇ ಇದೆ.

ಗಾಳಿಪಟ್ಟಣ:
ನೀವೆಲ್ಲ 1905ಕ್ಕೆ ನಿಂತುಬಿಟ್ಟಿರಿ. ಸೋವಿಯತ್ ಕಾಲದ ಹಳ್ಳಿಯನ್ನೂ ಸೇರಿಸಿಕೊಳ್ಳಿ, ಲೆಕ್ಕ ಅಲ್ಲಿಗೆ ಮುಗಿಯಲಿಲ್ಲ.

ಸೊಲ್ಜೆನಿತ್ಸಿನ್‌ನ 'ಮತ್ರ್ಯೋನಳ ಮನೆ' 1963ರಲ್ಲಿ 'ನೋವಿ ಮಿರ್' ಪತ್ರಿಕೆಯಲ್ಲಿ ಬಂತು. ಮತ್ರ್ಯೋನ ಸಾಮೂಹಿಕ ಬೇಸಾಯದ ಸಂಘದಲ್ಲಿ 25 ವರ್ಷ ದುಡಿದಿದ್ದಾಳೆ. ಕೂಲಿ ದುಡ್ಡಿನಲ್ಲಿ ಅಲ್ಲ, ಹಾಜರಿ ಪುಸ್ತಕದಲ್ಲಿ ಎಳೆದ ಗೆರೆಯಲ್ಲಿ. ಕಾರ್ಖಾನೆ ಕೆಲಸಗಾರ್ತಿ ಅಲ್ಲ ಅಂತ ಪಿಂಚಣಿ ಇಲ್ಲ. ಪಿಂಚಣಿ ಕಾಗದಕ್ಕೆ ಒಂದು ಆಫೀಸಿನಿಂದ ಇನ್ನೊಂದಕ್ಕೆ ಮೈಲಿಗಟ್ಟಲೆ ಅಲೆಯುತ್ತಾಳೆ. ಸುತ್ತಲೂ ಉರುವಲು ಪೀಟ್ ಮಣ್ಣು ತೆಗೆಯುವ ಜಾಗ, ಆದರೆ ಊರವರಿಗೆ ಕೊಡುವುದಿಲ್ಲ. ಚಳಿಗಾಲಕ್ಕೆ ಹೆಂಗಸರು ಚೀಲದಲ್ಲಿ ಕದ್ದು ತರುತ್ತಾರೆ. ಬಿರ್ಯೂಕ್ ಹಿಡಿದ ಮರಗಳ್ಳ ನೆನಪಾಗಲಿಲ್ಲವಾ? ನೂರು ವರ್ಷ ಕಳೆದರೂ ರೈತ ಉರಿಸುವ ಸೌದೆ ಕಳವಿನದ್ದೇ. ಸಂಘದ ಅಧ್ಯಕ್ಷನ ಹೆಂಡತಿ ಬಂದು, ನಾಳೆ ಗೊಬ್ಬರ ಎತ್ತಲು ಬಾ, ಕವೆಗೋಲು ನೀನೇ ತಾ ಅನ್ನುತ್ತಾಳೆ. ಹುಷಾರಿಲ್ಲದಿದ್ದರೂ ಮತ್ರ್ಯೋನ ಹೋಗುತ್ತಾಳೆ.

ಇನ್ನು ಶುಕ್ಷಿನ್. ಆಲ್ತಾಯ್‌ನ ಸ್ರೋಸ್ತ್ಕಿ ಊರಿನ ರೈತರ ಮಗ, 1929ರಲ್ಲಿ ಹುಟ್ಟಿದವನು. ಸಿನಿಮಾ ನಟ, ನಿರ್ದೇಶಕ ಕೂಡ. 45 ತುಂಬಿದ ವರ್ಷವೇ ತೀರಿಕೊಂಡ. 'ಮೈಕ್ರೋಸ್ಕೋಪ್' ಕಥೆಯಲ್ಲಿ ಬಡಗಿ ಆಂದ್ರೇಯ್ ಯೇರಿನ್ ದುಡ್ಡು ಕಳೆದುಹೋಯಿತು ಅಂತ ಹೆಂಡತಿಗೆ ಸುಳ್ಳು ಹೇಳುತ್ತಾನೆ. ಅವಳು ಬಾಣಲೆ ಎತ್ತಿಕೊಂಡು ಬಾರಿಸುತ್ತಾಳೆ. ಆಮೇಲೆ ಅವನು ಮೈಕ್ರೋಸ್ಕೋಪ್ ತಂದು, ಬಹುಮಾನ ಬಂತು ಅನ್ನುತ್ತಾನೆ. ಮಗನ ಜೊತೆ ಕೂತು ನೀರು, ಬೆವರು, ರಕ್ತ ಎಲ್ಲ ನೋಡುತ್ತಾನೆ. ಸೂಕ್ಷ್ಮಜೀವಿ ಕೊಂದರೆ ಮನುಷ್ಯ ಜಾಸ್ತಿ ವರ್ಷ ಬದುಕಬಹುದು ಅಂತ ಅವನ ಕನಸು. ನಿಜ ಗೊತ್ತಾದಾಗ ಹೆಂಡತಿ ಅದನ್ನು ಮಾರಲು ಹೋಗುತ್ತಾಳೆ, ಮಕ್ಕಳಿಗೆ ಕೋಟು ಕೊಳ್ಳಬೇಕಲ್ಲ. ಅವಳದ್ದೂ ಸರಿ, ಅವನದ್ದೂ ಸರಿ.

ಸಂಜೆಓದು:
ಶುಕ್ಷಿನ್ ನನಗೆ ಹೊಸ ಹೆಸರು, ಧನ್ಯವಾದ. ಕನ್ನಡದಲ್ಲಿ ಎಲ್ಲಿ ಸಿಗುತ್ತವೆ ಅಂತ ಮೆಸೇಜಿನಲ್ಲಿ ಇಬ್ಬರು ಕೇಳಿದರು. ಮಾಸ್ಕೋದಲ್ಲೇ ಕನ್ನಡದಲ್ಲಿ ಅಚ್ಚಾಗಿ ನವಕರ್ನಾಟಕದ ಮಳಿಗೆಗಳಿಗೆ ಬರುತ್ತಿದ್ದ ಪ್ರಗತಿ, ರಾದುಗ ಪ್ರಕಾಶನಗಳ ಪುಸ್ತಕಗಳು ನಮ್ಮ ಎಷ್ಟೋ ಮನೆಗಳಲ್ಲಿ ಈಗಲೂ ಇವೆ. ಅಪ್ಪ ಅಮ್ಮನ ಕಪಾಟು, ಹಳೇ ಪುಸ್ತಕದ ಅಂಗಡಿ, ಊರಿನ ಗ್ರಂಥಾಲಯದ ಮೂಲೆಯ ರ್‍ಯಾಕು ಒಮ್ಮೆ ನೋಡಿ. ಸಿಕ್ಕಿದ ಕಥೆಗಳ ಹೆಸರನ್ನು ಇಲ್ಲಿ ಹಾಕಿ.

ತೋಟದಮನೆ:
ಇಷ್ಟು ಒಳ್ಳೆಯ ಮಾತುಕತೆ ಆಗುತ್ತದೆ ಅಂತ ಅಂದುಕೊಂಡಿರಲಿಲ್ಲ. ಹೊಸದಾಗಿ ಓದುವವರು 'ಅಲ್ಯೋಷಾ ಗರ್ಶೋಕ್'ನಿಂದ ಶುರು ಮಾಡಲಿ, ಒಂದು ಕಾಫಿ ಕುಡಿಯುವಷ್ಟರಲ್ಲಿ ಮುಗಿಯುತ್ತದೆ. ಆಮೇಲೆ 'ಬಿರ್ಯೂಕ್', 'ಅಪರಾಧಿ'. ನಂತರ ಪಖೋಮ್‌ನ ಕಥೆ, ನೇಗಿಲಗೆರೆಯವರು ಹೇಳಿದ ಮೊದಲ ಅರ್ಧವನ್ನು ನಿಧಾನವಾಗಿ. 'ರೈತರು' ಮತ್ತು 'ಕಣಿವೆಯಲ್ಲಿ' ಎರಡನ್ನೂ ಒಂದರ ಹಿಂದೆ ಒಂದು ಓದಿ, ತುಂಗಾತೀರ ಹೇಳಿದ್ದು ಸರಿಯಾ ನೈಟ್‌ಡ್ಯೂಟಿ ಹೇಳಿದ್ದು ಸರಿಯಾ ಅಂತ ಇಲ್ಲೇ ಬರೆಯಿರಿ. 'ಮತ್ರ್ಯೋನಳ ಮನೆ' ಕೊನೆಗೆ ಇರಲಿ, ಹಿಂದಿನವೆಲ್ಲ ಓದಿದ್ದರೆ ಅದು ಇನ್ನೂ ಜಾಸ್ತಿ ತಟ್ಟುತ್ತದೆ.

ಬೂನಿನ್ ಬಗ್ಗೆ ಯಾರೂ ಬರೆದಿಲ್ಲ. 1910ರ ಸುಮಾರಿನ ಅವನ ಹಳ್ಳಿ ಕಥೆಗಳು ಚೆಕಾಫ್‌ಗಿಂತಲೂ ಕಠಿಣ. ಓದಿದವರಿದ್ದರೆ ಮುಂದುವರಿಸಿ.

ನೇಗಿಲಗೆರೆ:
ನಾನು 'ಬಿರ್ಯೂಕ್' ಹುಡುಕುತ್ತೇನೆ. ಈಗ ಬಿತ್ತನೆ ಕೆಲಸ ಇದೆ, ಮುಗಿಸಿಕೊಂಡು ಬರೆಯುತ್ತೇನೆ.